ಕತ್ತರಿಯವಳು

ಹನ್ನೊಂದು ಸಲ ಸತ್ತ ಯೂಖಿಮ್, ಎಲ್ಲ ನನ್ನ ಮೇಜಿನ ಮೇಲೆ.
ಒಡೆಸ್ಸಾ ಸ್ಟುಡಿಯೋದಲ್ಲಿ ಅವನಿಗೆ ಸಿಗುತ್ತಿದ್ದುದು
ಎರಡನೇ ರೀಲಿನಲ್ಲಿ ಗುಂಡು ತಿನ್ನುವ ಪಾತ್ರ.
"ಇನ್ನರ್ಧ ಸೆಕೆಂಡು ಬದುಕಲು ಬಿಡು, ಮೋತ್ರಿಯಾ."
ಬಿಡುತ್ತಿರಲಿಲ್ಲ.

ಆಮೇಲೆ ತಾನೇ ನಿರ್ದೇಶಕನಾದ.
ಅವನ ಚಿತ್ರಗಳಲ್ಲಿ ಯಾರೂ ಸಾಯಲಿಲ್ಲ;
ಬೀಟ್‌ರೂಟು ಹೆಚ್ಚಿದರು, ಟ್ರಾಮಿಗೆ ಕಾದರು, ಮುನಿಸಿಕೊಂಡರು.
"ಏನೂ ನಡೆಯುವುದಿಲ್ಲ" – ಮಾಸ್ಕೋದಿಂದ ಷರಾ ಬಂತು.
ಡಬ್ಬಿಗಳು ಒಂಬತ್ತು ವರ್ಷ ಕಪಾಟಿನಲ್ಲಿ.
ಅವನು ಮತ್ತೆ ಸಾಯಲು ಹೋದ, ಸಂಬಳಕ್ಕೆ.

ಹನ್ನೆರಡನೆಯದು ಆಸ್ಪತ್ರೆಯಲ್ಲಿ. ಅಲ್ಲಿ ಕತ್ತರಿ ನನ್ನದಲ್ಲ.

ಈಗ ಕರೆಂಟಿಲ್ಲ. ನೆಲಮಾಳಿಗೆಯಲ್ಲಿ
ಕಾರಿನ ಬ್ಯಾಟರಿ, ಗೋಡೆಗೊಂದು ದುಪ್ಪಟಿ, ಮೇಲೆ ಸೈರನ್ನು.
ಪಕ್ಕದ ಮನೆಯ ಹುಡುಗಿ ಕೇಳುತ್ತಾಳೆ:
ಆ ಮಾಮನ ಟ್ರಾಮು ಬಂತಾ?

ಉಪ್ಪಿನಕಾಯಿ ಜಾಡಿಯಲ್ಲಿ ಸುತ್ತಿಟ್ಟ ತುಂಡೊಂದಿದೆ ನನ್ನ ಬಳಿ,
ಕತ್ತರಿಸಿ ಎಸೆಯಲಾಗದ್ದು:
ಗುಂಡು ಬಿದ್ದ ಮೇಲೆ
ಎದ್ದು, ಧೂಳು ಕೊಡವಿ,
ಯಾರನ್ನೋ ಸಿಗರೇಟು ಕೇಳುತ್ತಾನೆ.