ನಲವತ್ತೈದು ನಿಮಿಷ

ಶಾಲೆಯವರು ನನಗೆ ಕೊಡುವುದು ಒಂದು ಪಿರಿಯಡ್ಡು.
ಅದರಲ್ಲೇ ನಾನು ಹುಟ್ಟಬೇಕು, ರೈಲು ಹತ್ತಬೇಕು,
ಅಪ್ಪ ಅಮ್ಮ ತಂಗಿಯನ್ನು ಕಳಕೊಳ್ಳಬೇಕು,
ಒಬ್ಬಳೇ ಥೆಸಲೋನಿಕಿಗೆ ವಾಪಸು ಬಂದು
ನಮ್ಮ ಮನೆಯ ಬಾಗಿಲು ತಟ್ಟಿ
ಬೇರೆಯವರ ಮುಖ ನೋಡಬೇಕು.
ಕೊನೆಗೆ ಐದು ನಿಮಿಷ ಪ್ರಶ್ನೆಗಳಿಗೆ ಉಳಿಸಬೇಕು.

ಮೂವತ್ತು ವರ್ಷದಿಂದ ಹೇಳಿ ಹೇಳಿ
ಕಥೆ ನುಣ್ಣಗಾಗಿದೆ, ತುಳಿದ ಹೊಸ್ತಿಲಿನ ಹಾಗೆ.
ಎಲ್ಲಿ ನಿಲ್ಲಬೇಕು, ಎಲ್ಲಿ ನೀರು ಕುಡಿಯಬೇಕು, ಗೊತ್ತು.
ತೋಳಿನ ನಂಬರು ತೋರಿಸುವುದು ಇಪ್ಪತ್ತೆಂಟನೇ ನಿಮಿಷಕ್ಕೆ.
ಹಿಂದಿನ ಬೆಂಚಿನವರೂ ಆಗ ಕತ್ತು ಚಾಚುತ್ತಾರೆ.
ಒಮ್ಮೊಮ್ಮೆ ನನಗೇ ಅನುಮಾನ:
ಪಲೋಂಬಾ ಎಂಬ ಈ ಮುದುಕಿ ಹೇಳುತ್ತಿರುವುದು
ಆಗ ಕಂಡದ್ದನ್ನೋ,
ಹೋದ ಸಲ ತಾನೇ ಹೇಳಿದ್ದನ್ನೋ?

ಇವತ್ತು ಕಿಟಕಿ ಪಕ್ಕದ ಹುಡುಗಿ, ಹಲ್ಲಿಗೆ ತಂತಿ,
ಎದ್ದು ನಿಂತು ಕೇಳಿದಳು:
"ನಿಮ್ಮ ತಂಗಿ ಜಗಳಗಂಟಿಯಾ?"

ಟೀಚರ ಮುಖ ಕೆಂಪಾಯಿತು. ಕ್ಲಾಸು ಕಿಸಕ್ಕೆಂದಿತು.
ಅವಳು ಹೇಗೆ ಹೋದಳು ಅಂತ ಕೇಳಿದವರು ಸಾವಿರ.
ಹೇಗಿದ್ದಳು ಅಂತ

ನೀರಿನ ಲೋಟ ಹುಡುಕಿದೆ. ಅದು ಕೈಯಲ್ಲೇ ಇತ್ತು.

ಜಗಳಗಂಟಿ. ಹೌದು. ಮಹಾ ಮೋಸಗಾತಿ.
ಕಣ್ಣಾಮುಚ್ಚಾಲೆಯಲ್ಲಿ ಗೋಡೆಗೆ ಹಣೆ ಒತ್ತಿ
ನಮ್ಮ ಮನೆಮಾತಿನಲ್ಲಿ ಎಣಿಸುತ್ತಿದ್ದಳು:
ಊನೋ, ದೋಸ್, ತ್ರೆಸ್, ಸಿಂಕೋ!
ಬೇಗ ಬಂದು ಹಿಡಿಯಲಿಕ್ಕೆ ನಾಲ್ಕನ್ನೇ ನುಂಗಿಬಿಡುವಳು.
ಬೈದರೆ, "ಹಲ್ಲಿನ ಸಂದಿಯಲ್ಲಿ ಬಿದ್ದುಹೋಯಿತು" ಅಂತ
ಬಾಯಿ ತೆರೆದು ತೋರಿಸುವಳು. ಮುಂದಿನ ಎರಡು ಇರಲೂ ಇಲ್ಲ.
ಬಳೆಯಂಥ ಬ್ರೆಡ್ಡಿನ ಮೇಲಿನ ಎಳ್ಳು, ನನ್ನ ಪಾಲಿನದನ್ನೂ,
ಬೆರಳಿಗೆ ಉಗುಳು ಹಚ್ಚಿ ಹೆಕ್ಕಿ ತಿನ್ನುವಳು.
ಹೆಸರು ಓರೋ. ಅಂದರೆ ಚಿನ್ನ.
ಅಮ್ಮನಿಗೆ ಚಿನ್ನ. ನನಗೆ ಕಾಲಿಗೆ ಚುಚ್ಚಿದ ಮುಳ್ಳು.

ಇದೊಂದೂ ನನ್ನ ನಲವತ್ತೈದು ನಿಮಿಷದಲ್ಲಿ ಇರಲಿಲ್ಲ.
ಅಲ್ಲಿ ಅವಳು ಅಮ್ಮನ ಕೈ ಹಿಡಿದು
ಆ ಕಡೆಗೆ ನಡೆದುಹೋದ ಒಂದು ಪುಟ್ಟ ಕೋಟು, ಅಷ್ಟೇ.
ನಮ್ಮನ್ನು ಐದೈದರ ಸಾಲು ಮಾಡಿ ಎಣಿಸಿದರು.
ಅವರು ಯಾವ ಅಂಕಿಯನ್ನೂ ಬಿಡಲಿಲ್ಲ.

ಗಂಟೆ ಹೊಡೆಯಿತು. ಯಾರೂ ಕದಲಲಿಲ್ಲ ಅಂದರೆ ಸುಳ್ಳು;
ಅರ್ಧ ಕ್ಲಾಸು ಎದ್ದು ಓಡಿತು, ಹೊರಗೆ ಬಿಸಿಲಿತ್ತು.
ತಂತಿಯ ಹುಡುಗಿ ನನ್ನ ಕೋಲು ಎತ್ತಿಕೊಟ್ಟಳು.

ಈ ಊರಿನ ಮೆಟ್ಟಿಲ ಮೇಲೆ ನಾನು ಕಾಲಿಡುವುದು ನೋಡಿ ನೋಡಿ.
ನಮ್ಮವರ ಗೋರಿಗಳ ಕಲ್ಲು ಕಿತ್ತು ಎಲ್ಲೆಲ್ಲಿ ಹಾಸಿದರೋ.
ನಾನು ಜಾರುತ್ತೇನೆಂಬ ಭಯಕ್ಕೆ ಅವಳು ಮೊಣಕೈ ಹಿಡಿದು
ಒಂದೊಂದೇ ಎಣಿಸಿದಳು, ಈಗಷ್ಟೇ ಕಲಿತ ಮಾತಿನಲ್ಲಿ:
ಊನೋ.
ದೋಸ್.
ತ್ರೆಸ್.
ಮುಂದಿನದು ಅವಳಿಗೆ ಗೊತ್ತಿಲ್ಲ. ನಾನು ಹೇಳಿಕೊಟ್ಟಿಲ್ಲವಲ್ಲ.

ನಾಲ್ಕನೇ ಮೆಟ್ಟಿಲಿಗೆ ಒಂದು ಕಾಲಿಟ್ಟು
ಹಾಗೇ ನಿಂತೆವು, ಇಬ್ಬರೂ.