ನಾಲ್ಕನೆಯ ಪೆಟ್ಟು

ಮೊದಲ ಪೋಸ್ಟರಿನಲ್ಲೇ ನಮ್ಮ ಹೆಸರು ತಪ್ಪು.
ತಿದ್ದಿಸಲು ದುಡ್ಡಿರಲಿಲ್ಲ; ತಪ್ಪೇ ಹೆಸರಾಯಿತು.

ಜೀಲಾಂಗಿನ ಪಬ್ಬು. ಬಿಯರು ಕುಡಿದು ಕುಡಿದು
ಅಂಟಂಟಾದ ಜಮಖಾನ. ಕೇಳಲು ಬಂದವರು ಹನ್ನೊಂದು ಮಂದಿ,
ಅದರಲ್ಲಿಬ್ಬರು ಫರ್ಗಸನ ಚಿಕ್ಕಮ್ಮಂದಿರು.

ಆಮೇಲೆ ವ್ಯಾನು. ಮೆಲ್ಬರ್ನಿನಿಂದ ಸಿಡ್ನಿಗೆ, ಸಿಡ್ನಿಯಿಂದ ವಾಪಸು,
ಗಂಡಗೈಯಲ್ಲಿ ಸದಾ ಅದೇ ಬಂಕು, ಅದೇ ಆರಿದ ಪೈ.
ರಾತ್ರಿ ರಸ್ತೆಗೆ ಕಾಂಗರೂ ಹಾರಿದಾಗ
ಬ್ರೇಕು ಒತ್ತಿದವಳು ಇಮೋಜೆನ್;
ಆ ಕಿರ್ರೆಂಬ ಸದ್ದನ್ನೇ ಗಿಟಾರಿಗೆ ಇಳಿಸಿದಳು.
ಒಂದು ಬೇಸಿಗೆ ಪೂರ್ತಿ ರೇಡಿಯೋ ಅದನ್ನೇ ಕಿರುಚಿತು.

ಒಂದೇ ಬೇಸಿಗೆ.

ಎರಡನೆಯ ಆಲ್ಬಮ್ಮಿಗೆ ಲಂಡನ್ನು, ಚಳಿ, ವಕೀಲರು.
ಮೂರನೆಯದರ ಪೆಟ್ಟಿಗೆಗಳು ಇನ್ನೂ ನನ್ನ ಗ್ಯಾರೇಜಿನಲ್ಲಿ
ಹುಲ್ಲು ಕತ್ತರಿಸುವ ಯಂತ್ರಕ್ಕೆ ಒರಗಿವೆ.
ಜಗಳ? ಆಡಲಿಲ್ಲ. ಆಡಿದ್ದರೆ ಚೆನ್ನಾಗಿರುತ್ತಿತ್ತು.
ಒಬ್ಬೊಬ್ಬರಾಗಿ ಫೋನು ಎತ್ತುವುದು ಬಿಟ್ಟೆವು.

ಮೊನ್ನೆ ಬಲರಾಟಿನ ನನ್ನ ಮನೆಗೆ
ಕೊಳಾಯಿ ರಿಪೇರಿಗೆಂದು ಬಂದವನು ಫರ್ಗಸ್.
ಸೋರುವ ಜಾಗ ಹುಡುಕುತ್ತ
ಪೈಪಿನುದ್ದಕ್ಕೂ ಸ್ಪ್ಯಾನರಿನಿಂದ ತಟ್ಟಿದ.
ನಾಲ್ಕನೆಯ ಪೆಟ್ಟು ಕೂದಲೆಳೆಯಷ್ಟು ತಡ,
ಅಂದಿನಂತೆಯೇ.

ಸಿಂಕಿನ ಅಂಚಿನಲ್ಲಿ ನನ್ನ ಬೆರಳು
ನನ್ನ ಕೇಳದೆಯೇ
ಅದಕ್ಕೆ ಕಾದಿತ್ತು.