ಕಬ್ಬು ಕಡಿಯುವವನ ಉಪ್ಪು

ಮೂರೂವರೆಗೆ ಎಚ್ಚರವಾಗುತ್ತದೆ, ಈಗಲೂ.
ಬರ್ಬೀಸ್ ನದಿಯ ಕಡೆಯಿಂದ ಸೊಳ್ಳೆ, ಕತ್ತಲು, ಕೆಸರಿನ ವಾಸನೆ.
ಐದು ಆಲೂ. ಸಿಪ್ಪೆ ತೆಗೆದು
ತೆಳ್ಳಗೆ (ಬೆಳಕು ಕಾಣುವಷ್ಟು ತೆಳ್ಳಗಲ್ಲ)
ಹೆಚ್ಚಿ ನೀರಿಗೆ ಬಿಡುತ್ತೇನೆ.
ನೀರು ಅಕ್ಕಿ ತೊಳೆದ ಹಾಗೆ ಬೆಳ್ಳಗಾಗುತ್ತದೆ.

ಈ ಕೆಸರಿನಲ್ಲಿ ಆಲೂ ಬೆಳೆಯುವುದಿಲ್ಲ.
ಹಡಗಿನಲ್ಲಿ ಬರುತ್ತದೆ, ಚೀಲದ ಮೇಲೆ
ಯಾವುದೋ ತಣ್ಣನೆಯ ದೇಶದ ಹೆಸರು ಹೊತ್ತು.
ನಾವೂ ಹಡಗಿನಲ್ಲೇ ಬಂದವರು, ಅಂತಿದ್ದಳು ಅತ್ತೆ,
ನಮ್ಮ ಕಾಗದದಲ್ಲಿ ಏನು ಬರೆದಿತ್ತೋ,
ಓದಬಲ್ಲವರು ನಮ್ಮಲ್ಲಿ ಯಾರೂ ಇರಲಿಲ್ಲ.
ಅಜ್ಜಿಯ ಮಾತು ಅವಳಿಗೇ ಬರುತ್ತಿರಲಿಲ್ಲ, ಇನ್ನು ನನಗೆಲ್ಲಿ?
ಉಳಿದದ್ದು ಒಲೆಯ ಸುತ್ತ ನಾಲ್ಕು ಶಬ್ದ:
ಕಡಾಯಿ, ತವಾ, ಬೇಲನ, ಗೀರಾ.
ಇಷ್ಟರಲ್ಲಿ ಜಗಳ ಆಡಲಾಗದು, ಅಳಲಾಗದು.
ಅಡುಗೆ ಮಾಡಬಹುದು.

ಎಣ್ಣೆ ಕಾಯಲಿ. ಅವಸರ ಬೇಡ.
ಗೀರಾ ಬಿದ್ದ ಕೂಡಲೇ ಚಿಟಪಟ ಅನ್ನಬೇಕು;
ಸುಮ್ಮನಿದ್ದರೆ ಎಣ್ಣೆ ಕಾದಿಲ್ಲ,
ಕಪ್ಪಾದರೆ ನಿನ್ನ ಮನಸ್ಸು ಎಲ್ಲೋ ಇತ್ತು.
ಬೆಳ್ಳುಳ್ಳಿ, ಈರುಳ್ಳಿ, ವಿರಿವಿರಿ ಮೆಣಸು ಎರಡು,
ಗೋಲಿಯಷ್ಟು ದುಂಡಗೆ, ಕೆಂಪಗೆ.
ಅದನ್ನು ಮುಟ್ಟಿದ ಕೈ ಕಣ್ಣಿಗೆ ತಾಗಿದರೆ
ಮಧ್ಯಾಹ್ನದವರೆಗೂ ದೇವರ ನೆನಪು.
ಅರಿಸಿನ, ಒಂದಿಷ್ಟು ಮಸಾಲೆ ಪುಡಿ.
ನೀರು ಬಸಿದ ಆಲೂ ಸುರಿದೊಡನೆ
ಕಡಾಯಿ ಕೂಗುತ್ತದೆ, ಪಕ್ಕದ ಮನೆಯ ನಾಯಿ ಏಳುತ್ತದೆ.
ಮುಚ್ಚಳ ಮುಚ್ಚಬೇಡ, ಅಂತಿದ್ದಳು ಅತ್ತೆ,
ಮುಚ್ಚಿದರೆ ಒಳಗೊಳಗೇ ಅತ್ತು ಮೆತ್ತಗಾಗುತ್ತದೆ.

ಕೊನೆಗೆ ಉಪ್ಪು.
ಇಲ್ಲಿ ನನ್ನ ಕೈ ಉಳಿದ ಹೆಂಗಸರ ಕೈಗಿಂತ ಭಾರ.
ಕಬ್ಬು ಕಡಿಯುವವನಿಗೆ ಉಪ್ಪು ಎರಡರಷ್ಟು.
ಸುಟ್ಟ ಗದ್ದೆಯ ಮಸಿಯಲ್ಲಿ, ಬಿಸಿಲಿಗೆ ಬೆನ್ನು ಕೊಟ್ಟು,
ಮಧ್ಯಾಹ್ನಕ್ಕೆ ಅವನ ಅಂಗಿ ಒಣಗಿ ಬಿರುಸಾಗುತ್ತಿತ್ತು:
ಬಿಳಿ ಗೆರೆ, ಅದರ ಮೇಲೆ ಇನ್ನೊಂದು ಬಿಳಿ ಗೆರೆ.
ಬೆಳಗ್ಗೆ ನಾನೇ ಹಾಕಿದ ಉಪ್ಪನ್ನು
ಸಂಜೆ ಅಂಗಿಯಿಂದ ಒಗೆದು ತೆಗೆಯುತ್ತಿದ್ದೆ.
ಮೂವತ್ತೊಂದು ವರ್ಷ ಈ ಲೆಕ್ಕ ತಪ್ಪಲಿಲ್ಲ.

ಆಮೇಲೆ ಸಕ್ಕರೆ ಕಾರ್ಖಾನೆ ಮುಚ್ಚಿದರು.
ಗೇಟಿಗೆ ಕಾಗದ ಅಂಟಿಸಿದರು.
ಈಗ ಓದಬಲ್ಲವರು ನಮ್ಮಲ್ಲಿ ಎಲ್ಲರೂ ಇದ್ದರು.

ಬಿಸೂನ್ ಏಳುವುದು ಬಿಡಲಿಲ್ಲ, ನಾನು ಕಟ್ಟುವುದು ಬಿಡಲಿಲ್ಲ.
ಎರಡು ರೋಟಿ, ಮೇಲೆ ಆಲೂ, ಕ್ಯಾರಿಯರಿನ ಕೊಕ್ಕೆ ಟಕ್.
ಸೈಕಲ್ ಹತ್ತಿ ಹೋಗುತ್ತಿದ್ದ. ಎಲ್ಲಿಗೆ, ನಾನು ಕೇಳಲಿಲ್ಲ.
ಮೀನು ಮಾರುವ ಪರ್ಬತಿಯಾ ಹೇಳಿದಳು:
ಕಾಲುವೆಯಲ್ಲಿ ತುಕ್ಕು ಹಿಡಿದು ನಿಂತ ಕಬ್ಬಿನ ದೋಣಿಯ ಮೇಲೆ
ನಾಲ್ಕು ಜನ ಕೂತಿರುತ್ತಾರೆ.
ಒಂಬತ್ತಕ್ಕೆ ಸರಿಯಾಗಿ ಡಬ್ಬಿ ಬಿಚ್ಚುತ್ತಾರೆ,
ಸೈರನ್ ಇಲ್ಲದಿದ್ದರೂ.

ಆಸ್ಪತ್ರೆಯ ನರ್ಸ್, ಚುರುಕು ಹುಡುಗಿ,
ಅವನ ತೋಳಿಗೆ ಪಟ್ಟಿ ಸುತ್ತಿ ಗಾಳಿ ಒತ್ತಿ, ಗಾಳಿ ಬಿಟ್ಟು,
ನನ್ನ ಕಡೆ ತಿರುಗಿದಳು:
“ಉಪ್ಪು ಅರ್ಧ ಮಾಡಿ, ಆಂಟಿ. ಇವರೀಗ ಬೆವರುವುದಿಲ್ಲವಲ್ಲ.”
ಅಷ್ಟು ಸಲೀಸಾಗಿ ಅಂದುಬಿಟ್ಟಳು,
ಹದಿನಾಲ್ಕು ತಿಂಗಳು ಮನೆಯಲ್ಲಿ
ನಾವಿಬ್ಬರೂ ಅನ್ನದೆ ಕಾಪಾಡಿಕೊಂಡಿದ್ದ ಮಾತನ್ನು.

ಒಂದು ವಾರ ಕೈ ಮಾತು ಕೇಳಲಿಲ್ಲ.
ಚಮಚದಿಂದ ಅರ್ಧ ಡಬ್ಬಿಗೆ ಉದುರಿಸುತ್ತಿದ್ದೆ,
ಮತ್ತೆ ಅದನ್ನೇ ತೆಗೆದು ಕಡಾಯಿಗೆ ಹಾಕುತ್ತಿದ್ದೆ.

ಇವತ್ತು ಅರ್ಧವೇ ಹಾಕಿದೆ.
ಹೊರಡುವ ಮೊದಲು ಅವನು ನಿಂತೇ
ಒಂದು ಚೂರು ಎತ್ತಿ ಬಾಯಿಗಿಟ್ಟ.
ಅಗಿದ. ನಿಲ್ಲಿಸಿದ.
ಉಪ್ಪಿನ ಡಬ್ಬಿಯ ಕಡೆ ನೋಡಿದ.
ನಾನು ಒಲೆಯ ಕಡೆ ನೋಡಿದೆ.
ಕ್ಯಾರಿಯರ್ ಎತ್ತಿಕೊಂಡು ಬಾಗಿಲವರೆಗೆ ಹೋದ,
ವಾಪಸು ಬಂದು ಮೇಜಿನ ಮೇಲಿಟ್ಟ, ಕೊಕ್ಕೆ ಬಿಚ್ಚಿದ.
“ಇಲ್ಲೇ ತಿನ್ನುತ್ತೇನೆ,” ಅಂದ. “ಬಿಸಿ ಇದೆ.”

ಕಡಾಯಿಯ ತಳ ಹಿಡಿದ ಕರಕಲು
ಇಷ್ಟು ವರ್ಷ ನನ್ನದಾಗಿತ್ತು.
ಅವನು ಹೋದ ಮೇಲೆ ಕೆರೆದು, ನಿಂತುಕೊಂಡೇ,
ಯಾರಿಗೂ ಹೇಳದೆ ತಿನ್ನುತ್ತಿದ್ದ ಸಂಬಳ.
“ಅದೇನು ಅಡಗಿಸ್ತಿದ್ದೀಯ?” ಅಂದ.
ಕೊಡುವ ಮನಸ್ಸಿರಲಿಲ್ಲ, ನಿಜ ಹೇಳುತ್ತೇನೆ.
ಕೊಟ್ಟೆ.
ಅರ್ಧಕ್ಕಿಂತ ಕಮ್ಮಿ.